ಬಚ್ಚಲೊಲೆಯಲ್ಲೊಂದು ಡ್ರ್ಯಾಗನ್: ಮಕ್ಕಳ ಜೊತೆ ಕೂತು ಕಥೆ ಕಟ್ಟುವ ಬಗೆ

ದಸರಾ ರಜೆಗೆ ತೀರ್ಥಹಳ್ಳಿ ಕಡೆಯ ನಮ್ಮ ತವರುಮನೆಯಲ್ಲಿದ್ದೆವು. ಬೆಳಿಗ್ಗೆ ಆರೂವರೆಯ ಹೊತ್ತು. ಅಣ್ಣನ ಮಗ ಬಚ್ಚಲೊಲೆಯ ಮುಂದೆ ಕುಕ್ಕರುಗಾಲಲ್ಲಿ ಕೂತಿದ್ದ. ಐದು ವರ್ಷದ ಹುಡುಗ, ಬೆಂಗಳೂರಿನ ಫ್ಲ್ಯಾಟಿನಲ್ಲಿ ಗೀಸರ್ ನೀರು ಮಿಂದು ಬೆಳೆದವನು. ಅಪ್ಪಯ್ಯ ಒಂದಿಷ್ಟು ಒಣ ಸೋಗೆ, ನಾಲ್ಕು ತೆಂಗಿನ ಕರಟ ಒಳಗೆ ತುರುಕಿ ಹೋಗಿದ್ದರು. ಕರಟಕ್ಕೆ ಬೆಂಕಿ ಹತ್ತಿದ್ದೇ ತಡ, ಒಲೆ ಗುರ್ ಎಂದಿತು. ಹುಡುಗ ಎರಡು ಹೆಜ್ಜೆ ಹಿಂದೆ ಸರಿದು ನನ್ನ ಸೀರೆ ಹಿಡಿದುಕೊಂಡ.

"ಅತ್ತೆ, ಒಳಗೆ ಇದೆ."

"ಏನು ಮರಿ?"

"ಡ್ರ್ಯಾಗನ್. ಮಲಗಿತ್ತು. ಅಜ್ಜ ಎಬ್ಬಿಸಿಬಿಟ್ರು."

ಆ ರಜೆಯ ಹನ್ನೊಂದು ರಾತ್ರಿ ನಾವಿಬ್ಬರೂ ಆ ಡ್ರ್ಯಾಗನ್ನಿನ ಕಥೆ ಕಟ್ಟಿದೆವು. ಅದಕ್ಕೂ ಮೊದಲು ಮನೆಯ, ಅಕ್ಕಪಕ್ಕದ ಮಕ್ಕಳಿಗೆ ಹತ್ತಾರು ವರ್ಷ ಕಥೆ ಹೇಳಿದ್ದೇನೆ. ಆದರೆ ಕಥೆ ಹೇಳುವುದು ಬೇರೆ, ಮಗುವಿನ ಕೈಯಲ್ಲಿ ಕಟ್ಟಿಸುವುದು ಬೇರೆ ಎಂದು ಗೊತ್ತಾದದ್ದು ಆಗ. ನಿಮ್ಮ ಮನೆಯಲ್ಲೂ ನಾಲ್ಕರಿಂದ ಒಂಬತ್ತರ ಒಳಗಿನ ಮಗುವಿದ್ದರೆ ಮುಂದೆ ಬರೆದಿರುವುದನ್ನು ಈ ವಾರವೇ ಶುರು ಮಾಡಬಹುದು. ಖರ್ಚಿಲ್ಲ. ದಿನಕ್ಕೆ ಇಪ್ಪತ್ತು ನಿಮಿಷ ಸಾಕು, ಆದರೆ ಆ ಇಪ್ಪತ್ತು ನಿಮಿಷ ಫೋನು ಬೇರೆ ಕೋಣೆಯಲ್ಲಿರಬೇಕು.

1. ಮೊದಲು ದೊಡ್ಡವರು ಒಂದಿಷ್ಟು ತಿಳಿದುಕೊಳ್ಳಿ

ಟಿವಿಯಲ್ಲಿ ನೋಡಿದ ಒಂದೇ ಡ್ರ್ಯಾಗನ್ ತಲೆಯಲ್ಲಿಟ್ಟುಕೊಂಡು ಕೂತರೆ ಕಥೆ ಅಲ್ಲೇ ಸುತ್ತುತ್ತದೆ. ಜಗತ್ತಿನಲ್ಲಿ ಡ್ರ್ಯಾಗನ್‌ಗಳ ಸ್ವಭಾವ ಒಂದೇ ತರದ್ದಲ್ಲ. ಹೆಸರು ಗ್ರೀಕಿನ 'ಡ್ರಾಕೋನ್' ಎಂಬ ಮಾತಿನಿಂದ ಬಂದದ್ದು. ಅದರ ಬೇರು 'ನೋಡು' ಎಂಬ ಅರ್ಥದ ಕ್ರಿಯಾಪದ ಎನ್ನುತ್ತಾರೆ. ದಿಟ್ಟಿಸಿ ನೋಡುವ ಕಣ್ಣಿನದು ಎಂದ ಹಾಗಾಯಿತು. ಯುರೋಪಿನ ಹಳೆಯ ಕಥೆಗಳಲ್ಲಿ ಅದು ಗುಹೆಯಲ್ಲಿ ಚಿನ್ನದ ರಾಶಿ ಕಾಯುತ್ತಾ ಮಲಗಿರುತ್ತದೆ. ಉತ್ತರದ ನಾರ್ಸ್ ಜನರ ಕಥೆಯಲ್ಲಿ ಫಾಫ್ನಿರ್ ಹುಟ್ಟಿನಿಂದ ಡ್ರ್ಯಾಗನ್ ಅಲ್ಲ, ಚಿನ್ನದ ಆಸೆಗೆ ಬಿದ್ದು ಹಾಗಾದವನು. ನಿಧಿ ಕಾಯುವ ಘಟಸರ್ಪದ ಕಥೆ ಅಜ್ಜಿಯಿಂದ ಕೇಳಿದವರಿಗೆ ಇದು ನಮ್ಮದೇ ಸಂಬಂಧಿಕ ಅನ್ನಿಸದೆ ಇರದು.

ಚೀನಾದಲ್ಲಿ ಲೆಕ್ಕ ಪೂರ್ತಿ ತಿರುಗುಮುರುಗು. ಅಲ್ಲಿನ ಡ್ರ್ಯಾಗನ್, ಅವರ ಮಾತಲ್ಲಿ ಲುಂಗ್, ನೀರಿನ ಒಡೆಯ. ಮಳೆ ತರುವುದು ಅದೇ, ನದಿ ಸಮುದ್ರಗಳಲ್ಲಿ ಇರುವುದೂ ಅದೇ. ಚಿತ್ರಗಳಲ್ಲಿ ಸಾಮಾನ್ಯವಾಗಿ ರೆಕ್ಕೆಯೇ ಇರುವುದಿಲ್ಲ, ಆದರೂ ಮೋಡದಲ್ಲಿ ಈಜುತ್ತದೆ. ಜನ ಅದಕ್ಕೆ ಕೈ ಮುಗಿಯುತ್ತಾರೆ. ಭೂತಾನದವರು ತಮ್ಮ ನಾಡನ್ನು 'ಡ್ರುಕ್ ಯುಲ್' ಎಂದು ಕರೆದುಕೊಳ್ಳುವುದು, ಗುಡುಗಿನ ಡ್ರ್ಯಾಗನ್ನಿನ ನಾಡು ಅಂತ. ಅವರ ಬಾವುಟದ ಬಿಳಿ ಡ್ರ್ಯಾಗನ್ ಉಗುರುಗಳಲ್ಲಿ ರತ್ನ ಹಿಡಿದುಕೊಂಡಿದೆ.

ನಮ್ಮ ಪುರಾಣದಲ್ಲಿ ಡ್ರ್ಯಾಗನ್ ಎಂಬ ಹೆಸರಿಲ್ಲ, ಬಂಧುಬಳಗವಿದೆ. ವೇದದ ವೃತ್ರ ನೀರನ್ನೆಲ್ಲ ತಡೆದು ಸುತ್ತಿಕೊಂಡು ಮಲಗಿದ್ದ ಮಹಾಸರ್ಪ, ಇಂದ್ರ ವಜ್ರಾಯುಧದಿಂದ ಹೊಡೆದ ಮೇಲೆ ಹೊಳೆಗಳು ಹರಿದವು. ಕಡಲು ಕಡೆಯಲು ಹಗ್ಗವಾದ ವಾಸುಕಿ, ಯಮುನೆಯ ಮಡುವಿನ ಕಾಳಿಂಗ, ಎಲ್ಲರೂ ಈ ಸಾಲಿನವರೇ.

ಇಷ್ಟನ್ನೂ ಮಗುವಿಗೆ ಪಾಠ ಮಾಡಲು ಹೋಗಬೇಡಿ. ಇದು ನಿಮ್ಮ ಬುತ್ತಿ. ಮಗು "ನಮ್ಮ ಡ್ರ್ಯಾಗನ್‌ಗೆ ರೆಕ್ಕೆ ಬೇಡ" ಎಂದಾಗ "ರೆಕ್ಕೆಯಿಲ್ಲದ ಡ್ರ್ಯಾಗನ್ ಎಲ್ಲಾದರೂ ಉಂಟಾ?" ಎನ್ನುವ ಬದಲು "ಹೌದಲ್ಲ, ಚೀನಾದಲ್ಲೂ ಹಾಗೇ" ಎನ್ನಲು ಬೇಕಾಗುತ್ತದೆ, ಅಷ್ಟೇ.

2. ಬಿಡಿಭಾಗ ಹುಡುಕಲು ಹೊರಡಿ

ಕಲ್ಪನೆ ಎಂದರೆ ಇಲ್ಲದ್ದನ್ನು ಶೂನ್ಯದಿಂದ ತರುವುದು ಎಂದು ನಾವು ಅಂದುಕೊಂಡಿದ್ದೇವೆ. ಆದ್ದರಿಂದಲೇ "ಒಂದು ಕಥೆ ಹೇಳು ನೋಡೋಣ" ಎಂದು ಮಗುವನ್ನು ಎದುರಿಗೆ ಕೂರಿಸುತ್ತೇವೆ, ಮಗು ಕೈ ಹಿಸುಕುತ್ತಾ ಸುಮ್ಮನೆ ನಿಲ್ಲುತ್ತದೆ. ಹಳೆಯ ಕಲಾವಿದರು ಹಾಗೆ ಮಾಡಲಿಲ್ಲ. ಚೀನಾದ ಚಿತ್ರಕಾರರಿಗೆ ಒಂದು ಸೂತ್ರವೇ ಇತ್ತು: ಡ್ರ್ಯಾಗನ್ನಿಗೆ ಕೊಂಬು ಜಿಂಕೆಯದು, ತಲೆ ಒಂಟೆಯದು, ಕತ್ತು ಹಾವಿನದು, ಹುರುಪೆ ಮೀನಿನದು, ಉಗುರು ಹದ್ದಿನದು, ಪಾದ ಹುಲಿಯದು, ಕಿವಿ ಎತ್ತಿನದು.

ಅಷ್ಟು ದೂರ ಯಾಕೆ, ಹಳೇಬೀಡಿಗೆ ಹೋಗಿ. ಹೊಯ್ಸಳೇಶ್ವರ ಗುಡಿಯ ಹೊರಗೋಡೆಯಲ್ಲಿ ಕೆಳಗಿನಿಂದ ಸಾಲು ಎಣಿಸುತ್ತಾ ಬನ್ನಿ: ಆನೆ, ಸಿಂಹ, ಬಳ್ಳಿ, ಕುದುರೆ ಸವಾರರು, ಪುರಾಣದ ಕಥೆಗಳು. ಅದರ ಮೇಲೆ, ಹಂಸಗಳ ಸಾಲಿಗೆ ಸ್ವಲ್ಪ ಕೆಳಗೆ, ಒಂದು ವಿಚಿತ್ರ ಪ್ರಾಣಿ ಸಾಲುಗಟ್ಟಿ ನಡೆದಿದೆ. ಅದೇ ಮಕರ. ಬಾಯಿ ಮೊಸಳೆಯದು, ಸೊಂಡಿಲು ಆನೆಯದು, ಕಾಲು ಸಿಂಹದ್ದು, ಮೈ ಹಂದಿಯದು, ಬಾಲ ನವಿಲಿನದು ಎಂದು ಗೈಡ್‌ಗಳು ಬೆರಳಿಟ್ಟು ತೋರಿಸುತ್ತಾರೆ. ಒಂಬೈನೂರು ವರ್ಷದ ಹಿಂದೆ ಉಳಿ ಹಿಡಿದವನು ಮಾಡಿದ್ದೂ ಇದನ್ನೇ. ಕಣ್ಣಾರೆ ಕಂಡದ್ದನ್ನು ಬಿಡಿಸಿ, ಬೇರೆ ತರ ಜೋಡಿಸಿದ. ಮಗುವನ್ನು ಆ ಗೋಡೆಯ ಮುಂದೆ ನಿಲ್ಲಿಸಿ "ಇದರಲ್ಲಿ ಎಷ್ಟು ಪ್ರಾಣಿ ಇವೆ, ಹುಡುಕು" ಎನ್ನಿ. ಅರ್ಧ ಗಂಟೆ ನಿಮ್ಮನ್ನು ಅಲ್ಲಿಂದ ಕದಲಲು ಬಿಡುವುದಿಲ್ಲ. ಬೈಲಕುಪ್ಪೆಯ ಬಂಗಾರದ ಗುಡಿಗೆ ಹೋಗುವವರು ಅಲ್ಲಿನ ಡ್ರ್ಯಾಗನ್ ಚಿತ್ತಾರದಲ್ಲೂ ಇದೇ ಆಟ ಆಡಬಹುದು.

ಮನೆಯ ಸುತ್ತ ಮಾಡುವುದು ಹೀಗೆ. ಒಂದು ಚೀಲ, ಒಂದು ನೋಟ್‌ಬುಕ್ ಹಿಡಿದು ಮಗುವಿನ ಜೊತೆ ಅರ್ಧ ಗಂಟೆ ತಿರುಗಿ. ಡ್ರ್ಯಾಗನ್ನಿಗೆ ಬೇಕಾದ ಚರ್ಮ, ಕಣ್ಣು, ಕಾಲು, ಸದ್ದು, ವಾಸನೆ ಹುಡುಕುತ್ತಿದ್ದೇವೆ ಎಂದು ಹೇಳಿ. ನಮ್ಮ ಹುಡುಗನ ಪಟ್ಟಿ ನನ್ನ ಹತ್ತಿರ ಇನ್ನೂ ಇದೆ. ಮೈಗೆ ಹಲಸಿನ ಕಾಯಿಯ ಮುಳ್ಳುಸಿಪ್ಪೆ, ಅದನ್ನು ಕೈಯಲ್ಲಿ ಸವರಿ ನೋಡಿಯೇ ಆರಿಸಿದ್ದು. ಕಾಲು ಕೋಳಿಯದು, "ಯಾಕಂದ್ರೆ ಅದು ಕೆದಕುತ್ತೆ". ಕತ್ತು ಬೇಲಿಯ ಮೇಲೆ ತಲೆ ಆಡಿಸುತ್ತಿದ್ದ ಓತಿಕ್ಯಾತನದು. ಕಿವಿ ಕೊಟ್ಟಿಗೆಯ ಎಮ್ಮೆಯದು. ರೆಕ್ಕೆ ಬಾವಲಿಯದು. ವಾಸನೆ, ಹೊಗೆ ಮತ್ತು ಒದ್ದೆ ಕಂಬಳಿ. ವಾಸನೆಯನ್ನು ಕೇಳಲು ಮರೆಯಬೇಡಿ. ನಾವು ದೊಡ್ಡವರು ಕಣ್ಣಿಗೆ ಕಂಡದ್ದನ್ನೇ ಬರೆಯುತ್ತೇವೆ, ಮಕ್ಕಳ ಲೋಕದಲ್ಲಿ ಮೂಗಿಗೂ ಕೈಗೂ ಸಮಪಾಲು.

ನಗರದ ಮಕ್ಕಳಿಗೆ ಎಮ್ಮೆ, ಕೋಳಿ ಸಿಗದಿದ್ದರೆ ತೊಂದರೆಯಿಲ್ಲ. ಗೋಡೆಯ ಹಲ್ಲಿ ಇದೆ, ಅನಾನಸಿನ ಸಿಪ್ಪೆ ಇದೆ, ಕುಕ್ಕರಿನ ಸೀಟಿ ಇದೆ, ಬಸ್ಸಿನ ಸೈಲೆನ್ಸರ್ ಇದೆ.

ಮಳೆ ಹಿಡಿದು ಹೊರಗೆ ಹೋಗಲಾಗದ ದಿನ ಚೀಟಿ ಆಟ ಆಡಿ. ಮೂರು ಬಟ್ಟಲು ಇಡಿ. ಒಂದರಲ್ಲಿ ತಲೆ, ಇನ್ನೊಂದರಲ್ಲಿ ಮೈ, ಮತ್ತೊಂದರಲ್ಲಿ ಬಾಲ. ಪ್ರತಿ ಬಟ್ಟಲಿಗೂ ಎಂಟು ಪ್ರಾಣಿಗಳ ಹೆಸರಿನ ಚೀಟಿ ಹಾಕಿ. ಓದಲು ಬಾರದ ಮಗುವಿಗೆ ಚಿತ್ರ ಬರೆದರಾಯಿತು. ಉಡದ ತಲೆ, ಆಮೆಯ ಮೈ, ನವಿಲಿನ ಬಾಲ ಬಂದರೆ ಅದು ನಡೆಯುವುದು ಹೇಗೆ ಎಂದು ಮಗುವೇ ಎದ್ದು ಮಾಡಿ ತೋರಿಸಲಿ. ಮೂರು ಬಟ್ಟಲಿನಲ್ಲಿ ಎಂಟೆಂಟು ಚೀಟಿ ಇದ್ದರೆ 512 ಬಗೆಯ ಡ್ರ್ಯಾಗನ್ ಆಗುತ್ತವೆ. ಮೂರನೇ ಕ್ಲಾಸಿನ ಮಗುವಿಗೆ ಆ ಲೆಕ್ಕವನ್ನೂ ಮಾಡಲು ಕೊಡಬಹುದು.

3. ಕೇಳಿ, ತಿದ್ದಬೇಡಿ

ನನ್ನಿಂದಾದ ತಪ್ಪು ಇಲ್ಲಿದೆ. ಎರಡನೇ ರಾತ್ರಿ ಹುಡುಗ, "ಅದು ಕರಟ ತಿನ್ನುತ್ತೆ, ಆದ್ರೆ ಅದಕ್ಕೆ ಹಲ್ಲಿಲ್ಲ" ಎಂದ. "ಹಲ್ಲಿಲ್ಲದೆ ಕರಟ ಹೆಂಗೋ ತಿನ್ನುತ್ತೆ?" ಎಂದೆ. ಕೇಳಿದ್ದು ಪ್ರೀತಿಯಿಂದಲೇ, ಆದರೆ ಅದು ಪ್ರಶ್ನೆಯಾಗಿರಲಿಲ್ಲ, ತಕರಾರಾಗಿತ್ತು. ಅವನು ಸ್ವಲ್ಪ ಹೊತ್ತು ಹೊದಿಕೆಯ ದಾರ ಎಳೆಯುತ್ತಾ ಇದ್ದ. ಆಮೇಲೆ "ಗೊತ್ತಿಲ್ಲ" ಎಂದು ಗೋಡೆ ಕಡೆ ತಿರುಗಿ ಮಲಗಿದ. ಆ ರಾತ್ರಿಯ ಕಥೆ ಅಲ್ಲಿಗೆ ನಿಂತಿತು.

ಮರುದಿನ ಬೇರೆ ತರ ಕೇಳಿದೆ. "ಕರಟ ಬಾಯಿಗೆ ಹಾಕಿದ ಮೇಲೆ ಏನಾಗುತ್ತೆ, ಹೇಳು." ತಡವೇ ಆಗಲಿಲ್ಲ: "ಚೀಪುತ್ತೆ. ಅಜ್ಜಿ ಪೆಪ್ಪರ್ಮೆಂಟ್ ಚೀಪೋ ಹಾಗೆ. ಚೀಪಿ ಚೀಪಿ ಕೆಂಪಗೆ ಮಾಡುತ್ತೆ." ಕೆಂಡವಾಗುವ ಕರಟವನ್ನು ಇದಕ್ಕಿಂತ ಚೆನ್ನಾಗಿ ನಾನು ಹೇಳಲಾರೆ.

ಇಂಗ್ಲಿಷ್ ಲೇಖಕ ಜೆ.ಆರ್.ಆರ್. ಟೋಲ್ಕಿನ್ ತಮ್ಮ ಮೊದಲ ಕಥೆಯ ಬಗ್ಗೆ ಒಂದು ಪತ್ರದಲ್ಲಿ ಬರೆದುಕೊಂಡಿದ್ದಾರೆ. ಆಗ ಅವರಿಗೆ ಏಳು ವರ್ಷವಿರಬಹುದು, ಕಥೆ ಡ್ರ್ಯಾಗನ್ನಿನದು. ತಾಯಿ ಡ್ರ್ಯಾಗನ್ ಬಗ್ಗೆ ಏನೂ ಅನ್ನಲಿಲ್ಲವಂತೆ. 'ಹಸಿರು ದೊಡ್ಡ ಡ್ರ್ಯಾಗನ್' ಎನ್ನಬಾರದು, 'ದೊಡ್ಡ ಹಸಿರು ಡ್ರ್ಯಾಗನ್' ಎನ್ನಬೇಕು ಎಂದಷ್ಟೇ ತಿದ್ದಿದರಂತೆ. ಆ ಕಥೆಯಲ್ಲಿ ಇನ್ನೇನಿತ್ತೆಂಬುದು ದೊಡ್ಡವರಾದ ಮೇಲೆ ಅವರಿಗೆ ನೆನಪಿರಲಿಲ್ಲ, ಆ ತಿದ್ದುಪಡಿ ಮಾತ್ರ ಉಳಿಯಿತು. ಅವರು ಮುಂದೆ ಭಾಷೆಯ ಬೆನ್ನು ಹತ್ತಿ ದೊಡ್ಡ ಪಂಡಿತರಾದರು, ಸರಿ. ಎಲ್ಲ ಮಕ್ಕಳೂ ಹಾಗೆ ಆಗುವುದಿಲ್ಲ, ಬಹಳಷ್ಟು ಮಕ್ಕಳು ಬಾಯಿ ಮುಚ್ಚಿಕೊಳ್ಳುತ್ತಾರೆ.

ಹಾಗಾದರೆ ಏನು ಕೇಳಬೇಕು? ಹೌದು-ಇಲ್ಲ ಎಂದು ಉತ್ತರಿಸಿ ಮುಗಿಸಬಹುದಾದ ಪ್ರಶ್ನೆ ಬೇಡ. "ರಾತ್ರಿ ಅದು ಎಲ್ಲಿ ಮಲಗುತ್ತೆ?", "ಅದಕ್ಕೆ ಯಾರನ್ನು ಕಂಡರೆ ಭಯ?", "ಅದರ ಅಮ್ಮ ಅದನ್ನು ಏನಂತ ಕರೀತಿದ್ರು?", "ಅದು ಬಚ್ಚಿಟ್ಟುಕೊಂಡಿರೋದು ಏನು?" ಇಂಥವು ಸಾಕು. ಎಲ್ಲಕ್ಕಿಂತ ಮಿಗಿಲಾದದ್ದು "ಆಮೇಲೆ?" ಎಂಬ ಒಂದೇ ಮಾತು. ನಾವು ಚಿಕ್ಕವರಿದ್ದಾಗ ಅಜ್ಜಿ ಕಥೆ ಹೇಳುವಾಗ ಹೂಂ ಅನ್ನಬೇಕಿತ್ತು, ಹೂಂಗುಟ್ಟುವುದು ನಿಂತರೆ ಕಥೆಯೂ ನಿಲ್ಲುತ್ತಿತ್ತು. ಈಗ ಸ್ಥಾನ ಬದಲಾಯಿಸಿಕೊಳ್ಳಿ. ಮಗು ಹೇಳಲಿ, ನೀವು ಹೂಂಗುಟ್ಟಿ. ಮಧ್ಯೆ ಮಗು ತಡವರಿಸಿದರೆ ಹತ್ತು ಎಣಿಸುವವರೆಗೆ ಮಾತಾಡಬೇಡಿ. ಈ ಹತ್ತು ಎಣಿಕೆಯೇ ಇಡೀ ವಿಧಾನದಲ್ಲಿ ಕಷ್ಟದ್ದು.

4. ಬೆಂಕಿಗೊಂದು ಕಟ್ಟಳೆ ಹಾಕಿ

ಏನು ಬೇಕಾದರೂ ಆಗಬಹುದು ಎಂದರೆ ಕಥೆಯಲ್ಲಿ ಏನೂ ಆಗುವುದಿಲ್ಲ. ಡ್ರ್ಯಾಗನ್ ಎಷ್ಟು ಬೇಕಾದರೂ ಬೆಂಕಿ ಉಗುಳಬಲ್ಲದು, ಯಾರೂ ಅದನ್ನು ಗೆಲ್ಲಲಾರರು ಎಂದಾದರೆ ಮೂರನೇ ದಿನಕ್ಕೆ ಮಗುವಿಗೇ ಬೇಸರ ಬರುತ್ತದೆ. ಆದ್ದರಿಂದ ಈ ಹಂತದಲ್ಲಿ ಮಗುವಿನ ಜೊತೆ ಕೂತು ಮೂರು ನಿಯಮ ಬರೆಯಿರಿ. ಬೆಂಕಿ ಎಲ್ಲಿಂದ ಬರುತ್ತದೆ? ಯಾವಾಗ ಬರುವುದಿಲ್ಲ? ಉಗುಳಿದ ಮೇಲೆ ಡ್ರ್ಯಾಗನ್ನಿಗೆ ಏನಾಗುತ್ತದೆ?

ಸ್ವಲ್ಪ ದೊಡ್ಡ ಮಕ್ಕಳು "ಹೊಟ್ಟೆ ಸುಡಲ್ವಾ?" ಎಂದು ಕೇಳುತ್ತಾರೆ. ಆಗ ಒಂದು ನಿಜವಾದ ಜೀವಿಯ ವಿಷಯ ಹೇಳಿ. ಬೊಂಬಾರ್ಡಿಯರ್ ಎಂಬ ದುಂಬಿ ಜಾತಿಯ ಪುಟ್ಟ ಹುಳ ಇದೆ. ಅದರ ಹೊಟ್ಟೆಯ ತುದಿಯಲ್ಲಿ ಹೈಡ್ರೋಕ್ವಿನೋನ್, ಹೈಡ್ರೋಜನ್ ಪೆರಾಕ್ಸೈಡ್ ಎಂಬ ರಾಸಾಯನಿಕಗಳ ಚೀಲವಿದೆ. ಶತ್ರು ಬಂದಾಗ ಆ ದ್ರವ ಪಕ್ಕದ ಗಟ್ಟಿ ಗೋಡೆಯ ಕೋಣೆಗೆ ನುಗ್ಗುತ್ತದೆ, ಅಲ್ಲಿನ ಕಿಣ್ವಗಳು ಸೇರಿದ ಕೂಡಲೇ ಕುದಿಯುತ್ತದೆ. ಸುಮಾರು 100 ಡಿಗ್ರಿ ಸೆಲ್ಸಿಯಸ್ ಬಿಸಿಯ ದ್ರವ ಪಟಪಟನೆ ಹಿಂದಿನಿಂದ ಸಿಡಿಯುತ್ತದೆ. ಕುದಿಸುವ ಕೋಣೆ ಬೇರೆಯೇ ಇರುವುದರಿಂದ ಹುಳಕ್ಕೆ ಏನೂ ಆಗುವುದಿಲ್ಲ. ಇಷ್ಟು ಹೇಳಿ "ಈಗ ನಮ್ಮ ಡ್ರ್ಯಾಗನ್ನಿನ ಹೊಟ್ಟೆಯ ನಕ್ಷೆ ಬರಿ" ಎಂದರೆ ಸಾಕು. ನಾನು ನೋಡಿದ ಒಂದು ನಕ್ಷೆಯಲ್ಲಿ ಎರಡು ಹಂಡೆ, ಒಂದು ನಲ್ಲಿ, ನಲ್ಲಿಗೊಂದು ಬೀಗ ಇತ್ತು. ಬೀಗದ ಕೈ ಡ್ರ್ಯಾಗನ್ನಿನ ಅಕ್ಕನ ಹತ್ತಿರ.

ನಮ್ಮ ಹುಡುಗನ ನಿಯಮಗಳು ಇವು: ಕರಟ ತಿಂದರೆ ದೊಡ್ಡ ಬೆಂಕಿ, ಸೋಗೆ ತಿಂದರೆ ಬರೀ ಹೊಗೆ. ಬೆಂಕಿ ಉಗುಳಿದ ಮೇಲೆ ನಿದ್ದೆ ಬರುತ್ತದೆ. ಒಂದು ಹನಿ ನೀರು ತಾಗಿದರೂ ಬೆಂಕಿ ಆರುತ್ತದೆ. ಮೂರನೆಯದನ್ನು ಅವನು ಅಜ್ಜಿ ಒಲೆಗೆ ನೀರು ಚಿಮುಕಿಸುವುದನ್ನು ನೋಡಿ ಹೇಳಿದ್ದು. ಕಥೆ ಹುಟ್ಟಿದ್ದು ಅದರಿಂದಲೇ.

ನಿಯಮ ಬರೆದ ಹಾಳೆಯನ್ನು ಗೋಡೆಗೆ ಅಂಟಿಸಿ. ಒಮ್ಮೆ ಬರೆದದ್ದನ್ನು ನೀವು ಮುರಿಯಬಾರದು. ಮಗು ಮುರಿದರೆ ಮಾತ್ರ "ಹೌದಾ, ಹಾಗಾದರೆ ನಿಯಮ ಬದಲಾಯಿಸೋಣವಾ?" ಎಂದು ಕೇಳಿ. ಅವರೇ ಯೋಚಿಸಿ "ಬೇಡ" ಎನ್ನುವುದೇ ಹೆಚ್ಚು.

5. ಅದಕ್ಕೇನು ಬೇಕು, ಅಡ್ಡ ಬಂದದ್ದೇನು

ಇಷ್ಟರ ಮೇಲೆ ಕಥೆಗೆ ಎರಡೇ ಪ್ರಶ್ನೆ. ನಮ್ಮ ಡ್ರ್ಯಾಗನ್ನಿಗೆ ಗುರ್ರಪ್ಪ ಎಂದು ಹೆಸರಾಗಿತ್ತು. "ಗುರ್ರಪ್ಪನಿಗೆ ಏನು ಬೇಕು?" ಎಂದೆ. "ಮಳೆ ನೋಡಬೇಕು. ಒಳಗಿನಿಂದ ಬರೀ ಸದ್ದು ಕೇಳುತ್ತೆ, ನೋಡೇ ಇಲ್ಲ." ಹೊರಗೆ ನಿಜಕ್ಕೂ ಹಿಂಗಾರು ಸುರಿಯುತ್ತಿತ್ತು. ನೀರು ತಾಗಿದರೆ ಬೆಂಕಿ ಆರುವ ಪ್ರಾಣಿಗೆ ಮಳೆಯ ಆಸೆ! ನಿಯಮ ಮತ್ತು ಆಸೆ ಹೀಗೆ ಎದುರಾಬದುರಾದರೆ ನೀವು ಮತ್ತೇನೂ ಮಾಡಬೇಕಿಲ್ಲ.

ಮೂರು ಸಲ ಪ್ರಯತ್ನ ಪಡಲಿ. ಜನಪದ ಕಥೆಗಳಲ್ಲೂ ಮೂರು ಮಕ್ಕಳು, ಮೂರು ವರ, ಮೂರನೇ ಸಲಕ್ಕೆ ಗೆಲುವು ಇರುವುದು ಸುಮ್ಮನೆ ಅಲ್ಲ. ಕಿವಿ ಅದನ್ನು ಕಾಯುತ್ತದೆ. ಗುರ್ರಪ್ಪ ಮೊದಲ ಸಲ ಕಂಬಳಿಕೊಪ್ಪೆ ಹಾಕಿಕೊಂಡು ಹೊರಟ, ಕಂಬಳಿ ಸುಟ್ಟುಹೋಯಿತು. ಎರಡನೇ ಸಲ ಮಳೆಗೆ ತಲೆಯಿಂದ ಹೊದೆಯುವ ಅಜ್ಜನ ಹಳೇ ಗೊರಬು ಹಾಕಿಕೊಂಡ, ಅದರಲ್ಲಿ ಅವನ ಬಾಲ ಹಿಡಿಸಲಿಲ್ಲ. ಮೂರನೇ ಸಲ ಸೂರಿನ ಕೆಳಗೆ ನಿಂತು ಒಂದೇ ಒಂದು ಬೆರಳು ಹೊರಗೆ ಚಾಚಿದ. ಒಂದು ಹನಿ ಬಿತ್ತು. ಚುಯ್ ಎಂದಿತು. ಅವನಿಗೆ ಕಚಗುಳಿಯಾಯಿತು.

ಕೊಲ್ಲುವ ಮಾತು ಬಂದೇ ಬರುತ್ತದೆ. ಕತ್ತಿ ಹಿಡಿದ ವೀರ ಬಂದು ಡ್ರ್ಯಾಗನ್ನನ್ನು ಕತ್ತರಿಸುವ ಕಥೆ ಮಕ್ಕಳು ಎಲ್ಲೆಲ್ಲೂ ನೋಡಿರುತ್ತಾರೆ. ಅದನ್ನು ಬೇಡವೆನ್ನಬೇಡಿ, ಕೆಟ್ಟದ್ದು ಸೋಲುವುದನ್ನು ನೋಡುವುದು ಮಗುವಿಗೆ ಬೇಕು. ಆದರೆ ಬೇರೆ ದಾರಿಯೂ ಇದೆ ಎಂದು ಒಂದು ಸಲ ತೋರಿಸಿ. ಕೃಷ್ಣ ಕಾಳಿಂಗನ ಹೆಡೆಯ ಮೇಲೆ ಕುಣಿದ, ಅಹಂಕಾರ ಇಳಿಸಿದ, ಹೆಂಡತಿಯರು ಬೇಡಿಕೊಂಡಾಗ ಕೊಲ್ಲದೆ ಸಮುದ್ರಕ್ಕೆ ಕಳಿಸಿದ. ಯಮುನೆಯ ನೀರೂ ಶುದ್ಧವಾಯಿತು, ಹಾವಿಗೂ ಒಂದು ಮನೆ ಸಿಕ್ಕಿತು. ಈ ಕಥೆ ಹೇಳಿ "ನಮ್ಮದನ್ನು ಎಲ್ಲಿಗೆ ಕಳಿಸೋಣ?" ಎಂದು ಕೇಳಿ ನೋಡಿ. ಉತ್ತರ ಏನೇ ಬಂದರೂ ತೀರ್ಮಾನ ಮಗುವಿನದೇ.

6. ಹೆದರಿಕೆ ಬಂದರೆ

ಕೆಲವು ವರ್ಷದ ಹಿಂದೆ ಪಕ್ಕದ ಮನೆಯ ನಾಲ್ಕು ವರ್ಷದ ಹುಡುಗಿಗೆ ಕಥೆ ಹೇಳುತ್ತಾ, ಡ್ರ್ಯಾಗನ್ ಅವಳ ಕೋಣೆಯ ಪರದೆಯ ಹಿಂದೆಯೇ ಇದೆ ಎಂದುಬಿಟ್ಟೆ. ಆ ಗಳಿಗೆಯಲ್ಲಿ ಅವಳ ಕಣ್ಣು ಅರಳಿದ್ದು ನೋಡಿ ನನಗೂ ಖುಷಿಯಾಗಿತ್ತು. ಮೂರು ರಾತ್ರಿ ಆ ಮಗು ಒಬ್ಬಳೇ ಮಲಗಲಿಲ್ಲ. ಅವಳ ಅಮ್ಮ ನನ್ನನ್ನು ಬೈಯಲಿಲ್ಲ, ಬೈದಿದ್ದರೆ ನ್ಯಾಯವೇ ಇತ್ತು. ಅಂದಿನಿಂದ ಒಂದು ನಿಯಮ ಇಟ್ಟುಕೊಂಡಿದ್ದೇನೆ: ಮಗು ಮಲಗುವ ಕೋಣೆಯಲ್ಲಿ, ಹಾಸಿಗೆಯ ಕೆಳಗೆ, ಕಿಟಕಿಯ ಆಚೆ ಡ್ರ್ಯಾಗನ್ ಇರಕೂಡದು. ಒಲೆಯೊಳಗೆ, ಬೆಟ್ಟದ ಆಚೆ, ಏಳು ಸಮುದ್ರ ದಾಟಿ ಇರಲಿ. ನಡುವೆ ಒಂದು ಬಾಗಿಲಿರಲಿ, ಬಾಗಿಲಿನ ಚಿಲಕ ಮಗುವಿನ ಕೈಯಲ್ಲಿರಲಿ.

ಆದರೂ ಹೆದರಿದರೆ "ಅಂಥದ್ದೆಲ್ಲ ಇಲ್ಲ, ಸುಮ್ನೆ ಮಲಗು" ಎನ್ನುವುದು ಕೆಲಸಕ್ಕೆ ಬಾರದು. ಭಯ ಇರುವುದಂತೂ ನಿಜ. ಮಗುವಿಗೊಂದು ಹಿಡಿತ ಕೊಡಿ. ಡ್ರ್ಯಾಗನ್ನಿಗೆ ಹೆಸರಿಡಲಿ, ಹೆಸರಿಟ್ಟ ಪ್ರಾಣಿ ಸ್ವಲ್ಪ ಸಣ್ಣದಾಗುತ್ತದೆ. ಅದಕ್ಕೊಂದು ನಾಚಿಕೆಯ ವಿಷಯ ಸೇರಿಸಲಿ, ಹಾಗಲಕಾಯಿ ಕಂಡರೆ ಓಡುತ್ತದೆ, ಸೀನು ಬಂದರೆ ನಿಲ್ಲುವುದಿಲ್ಲ, ಹೀಗೆ. ದೀಪ ಆರಿಸುವ ಮೊದಲು ಡ್ರ್ಯಾಗನ್ನನ್ನು ಮಲಗಿಸುವ ಒಂದು ಸಾಲು ಹೇಳಿಸಿ. ನಮ್ಮವನು "ಗುರ್ರಪ್ಪ, ಬೂದಿ ಹೊದ್ದುಕೊಂಡು ಮಲಗು" ಎನ್ನುತ್ತಿದ್ದ. ಹಗಲಲ್ಲೂ ಭಯ ಬಿಡದಿದ್ದರೆ ಆ ಕಥೆ ಕೆಲವು ತಿಂಗಳು ಪಕ್ಕಕ್ಕಿಡಿ. ಅವಸರವೇನಿದೆ?

7. ಸದ್ದಿನ ಮಾತುಗಳು

ಕನ್ನಡದಲ್ಲಿ ಡ್ರ್ಯಾಗನ್ ಕಥೆ ಹೇಳುವವರಿಗೆ ಒಂದು ದೊಡ್ಡ ಅನುಕೂಲವಿದೆ. ಧಗಧಗ, ಬುಸ್, ಸರಸರ, ಗುಡುಗುಡು, ಪಟಪಟ, ಚಟಚಟ, ದಡಬಡ, ರಪ್ಪನೆ, ಗಬಕ್ಕನೆ. ಸದ್ದೇ ಮಾತಾಗುವ ಇಂಥ ಪದಗಳು ನಮ್ಮಲ್ಲಿ ಕಣಜ ಕಣಜ ಇವೆ. 'ಡ್ರ್ಯಾಗನ್ ಜೋರಾಗಿ ಬಂತು' ಎನ್ನುವ ಬದಲು 'ಸರಸರ ಸರಸರ ಬಂದು ರಪ್ಪನೆ ಬಾಲ ಬಡಿಯಿತು' ಎನ್ನಿ, ಮಗು ತಾನೇ ಬಾಲ ಬಡಿಯುತ್ತದೆ. ಇಬ್ಬರೂ ಸೇರಿ ಹೊಸ ಸದ್ದು ಕಟ್ಟಿ. ಒದ್ದೆ ರೆಕ್ಕೆ ಕೊಡವಿದರೆ ಏನು ಸದ್ದು? ನಮ್ಮಲ್ಲಿ ಅದು 'ಫಳ್‌ಚಪ್'.

ಹೊರದೇಶದಲ್ಲೋ ಬೇರೆ ರಾಜ್ಯದಲ್ಲೋ ಮಕ್ಕಳನ್ನು ಬೆಳೆಸುತ್ತಿರುವವರಿಗೆ ಇಲ್ಲೊಂದು ದಾರಿ ಇದೆ. ಡ್ರ್ಯಾಗನ್ನಿಗೆ ಕನ್ನಡ ಬಿಟ್ಟು ಬೇರೆ ಭಾಷೆ ಬಾರದು ಎಂಬುದನ್ನೇ ನಾಲ್ಕನೇ ನಿಯಮ ಮಾಡಿ. ಅದನ್ನು ಕರೆಯಬೇಕಾದರೆ, ಸಮಾಧಾನ ಮಾಡಬೇಕಾದರೆ ಕನ್ನಡದಲ್ಲೇ ಆಗಬೇಕು. ಮಗುವಿನ ಕನ್ನಡ ಅರ್ಧಂಬರ್ಧವಿದ್ದರೂ ಡ್ರ್ಯಾಗನ್ನಿಗೆ ಅರ್ಥವಾಗಲಿ. ಫೋನಿನಲ್ಲಿ ಅಜ್ಜ ಅಜ್ಜಿಯೂ ಒಂದೊಂದು ಪಾತ್ರ ವಹಿಸಬಹುದು.

8. "ನಿಜವಾಗ್ಲೂ ಇದ್ಯಾ?"

ಒಂದಲ್ಲ ಒಂದು ದಿನ ಮಗು ನಿಮ್ಮ ಮುಖ ನೋಡಿ ಹೀಗೆ ಕೇಳುತ್ತದೆ. ಆಟದೊಳಗೆ ಕೇಳಿದ್ದೋ ಆಟದಿಂದ ಹೊರಬಂದು ಕೇಳಿದ್ದೋ ಎಂದು ಧ್ವನಿಯಲ್ಲೇ ಗೊತ್ತಾಗುತ್ತದೆ. ಹೊರಬಂದು ಕೇಳಿದಾಗ ಸುಳ್ಳು ಹೇಳಬೇಡಿ. "ಕಥೆಯಲ್ಲಿ ಇದೆ, ಕಾಡಿನಲ್ಲಿ ಇಲ್ಲ" ಎಂದರೆ ಸಾಕು. ಮಕ್ಕಳಿಗೆ ಇದರಿಂದ ನಿರಾಸೆಯಾಗುತ್ತದೆ ಎಂದು ನಾವು ಹೆದರುತ್ತೇವೆ, ಆಗುವುದಿಲ್ಲ. ಯಾಕೆಂದರೆ ಹೇಳಲು ಇನ್ನೂ ಎಷ್ಟೋ ಇದೆ.

ಆಸ್ಟ್ರಿಯಾದ ಕ್ಲಾಗನ್‌ಫುರ್ಟ್ ಊರಿನ ಚೌಕದಲ್ಲಿ ಡ್ರ್ಯಾಗನ್ನಿನ ದೊಡ್ಡ ಕಲ್ಲಿನ ವಿಗ್ರಹವಿದೆ, 16ನೇ ಶತಮಾನದ ಕೊನೆಯಲ್ಲಿ ಕೆತ್ತಿದ್ದು. ಆ ಊರಿನ ಹತ್ತಿರ ಸಿಕ್ಕಿದ್ದ ಒಂದು ತಲೆಬುರುಡೆಯನ್ನು ಜನ ಡ್ರ್ಯಾಗನ್ನಿನದೆಂದೇ ನಂಬಿದ್ದರು, ಶಿಲ್ಪಿ ಅದನ್ನು ನೋಡಿಯೇ ತಲೆ ಕಡೆದ. ಅದು ಹಿಮಯುಗದ ಉಣ್ಣೆ ಘೇಂಡಾಮೃಗದ್ದು ಎಂದು ಎಷ್ಟೋ ಕಾಲದ ಮೇಲೆ ಗೊತ್ತಾಯಿತು. ಇಂಡೊನೇಷ್ಯಾದ ಕೊಮೊಡೊ ಡ್ರ್ಯಾಗನ್, ಮೂರು ಮೀಟರಿನವರೆಗೆ ಬೆಳೆಯುವ ಉಡ, ಇಂದಿಗೂ ಜೀವಂತವಾಗಿದೆ.

ಮಲೆನಾಡಿನವರಂತೂ ದೂರ ಹೋಗಬೇಕಿಲ್ಲ. ಪೂರ್ಣಚಂದ್ರ ತೇಜಸ್ವಿಯವರ 'ಕರ್ವಾಲೊ' ಓದಿದವರಿಗೆ ಹಾರುವ ಓತಿ ಗೊತ್ತು. ವಿಜ್ಞಾನಿಗಳು ಆ ಕುಲಕ್ಕೆ ಇಟ್ಟ ಹೆಸರು ಡ್ರಾಕೊ, ಲ್ಯಾಟಿನ್ನಿನಲ್ಲಿ ಡ್ರ್ಯಾಗನ್ ಎಂದೇ ಅರ್ಥ. ಪಶ್ಚಿಮ ಘಟ್ಟದಲ್ಲಿರುವುದು ಡ್ರಾಕೊ ಡುಸುಮಿಯೆರಿ. ಬಾಲ ಸೇರಿ ಒಂದು ಗೇಣು ಉದ್ದ ಇದ್ದೀತು. ಪಕ್ಕೆಲುಬುಗಳೇ ಉದ್ದಕ್ಕೆ ಬೆಳೆದು ಚರ್ಮವನ್ನು ಕೊಡೆಯ ಕಡ್ಡಿಗಳ ಹಾಗೆ ಎತ್ತಿ ಹಿಡಿಯುತ್ತವೆ. ಗಂಡಿಗೆ ಗಂಟಲಲ್ಲಿ ಹಳದಿ ಬಾವುಟದಂಥ ಚರ್ಮ. ಅಡಿಕೆ ಮರದಿಂದ ಅಡಿಕೆ ಮರಕ್ಕೆ ತೇಲುತ್ತದೆ, ಬೆಂಕಿ ಉಗುಳುವುದಿಲ್ಲ, ಇರುವೆ ತಿನ್ನುತ್ತದೆ. ಹುಡುಗನನ್ನು ಎರಡು ಬೆಳಿಗ್ಗೆ ತೋಟಕ್ಕೆ ಕರೆದುಕೊಂಡು ಹೋದೆ. ಮೊದಲ ದಿನ ಕಾಣಲಿಲ್ಲ. ಎರಡನೇ ದಿನ ಹತ್ತು ಗಂಟೆಯ ಬಿಸಿಲಲ್ಲಿ, ಮರದ ತೊಗಟೆಯ ತುಣುಕೊಂದು ಕಳಚಿ ಗಾಳಿಗೆ ಬಿದ್ದ ಹಾಗಾಯಿತು. ಬೀಳಲಿಲ್ಲ, ತೇಲಿ ಆಚೆ ಮರಕ್ಕೆ ಅಂಟಿಕೊಂಡಿತು. ಅವನು ಉಸಿರು ಬಿಗಿಹಿಡಿದು, ತುಂಬ ಮೆಲ್ಲಗೆ, "ಗುರ್ರಪ್ಪನ ಮರಿ" ಎಂದ. ಅದು ನಿಜವಲ್ಲ ಎಂದು ಅವನಿಗೂ ಗೊತ್ತಿತ್ತು.

9. ಕಥೆಯನ್ನು ಪುಸ್ತಕ ಮಾಡಿ

ಒಂದು ಎ4 ಹಾಳೆ, ಒಂದು ಕತ್ತರಿ ಸಾಕು. ಹಾಳೆಯನ್ನು ಉದ್ದುದ್ದಕ್ಕೆ ಅರ್ಧ ಮಡಚಿ ಬಿಡಿಸಿ. ಈಗ ಅಡ್ಡಕ್ಕೆ ಅರ್ಧ ಮಡಚಿ, ಅದೇ ದಿಕ್ಕಿನಲ್ಲಿ ಇನ್ನೊಮ್ಮೆ ಅರ್ಧ ಮಡಚಿ, ಪೂರ್ತಿ ಬಿಡಿಸಿ. ಎಂಟು ಮನೆ ಕಾಣುತ್ತವೆ. ಮತ್ತೆ ಅಡ್ಡಕ್ಕೆ ಒಂದೇ ಸಲ ಮಡಚಿ, ಮಡಿಕೆಯ ಕಡೆಯಿಂದ ನಡುಗೆರೆಯ ಗುಂಟ ಒಂದು ಮನೆಯಷ್ಟು ಮಾತ್ರ ಕತ್ತರಿಸಿ. ಬಿಡಿಸಿದರೆ ನಡುವೆ ಸೀಳು ಬಂದಿರುತ್ತದೆ. ಸೀಳು ಮೇಲೆ ಬರುವಂತೆ ಉದ್ದಕ್ಕೆ ಮಡಚಿ, ಎರಡು ತುದಿ ಹಿಡಿದು ಒಳಕ್ಕೆ ನೂಕಿದರೆ ಸೀಳು ಬಾಯಿ ತೆರೆದು ಮತ್ತೆ ಮುಚ್ಚಿಕೊಂಡು ನಾಲ್ಕು ರೆಕ್ಕೆಯಾಗುತ್ತದೆ. ಸುತ್ತಿ ಮಡಚಿದರೆ ಎಂಟು ಪುಟದ ಪುಸ್ತಕ, ಹೊಲಿಗೆಯಿಲ್ಲ, ಗೋಂದಿಲ್ಲ.

ಬರೆಯಲು ಬಾರದ ಮಗು ಹೇಳಲಿ, ನೀವು ಬರೆದುಕೊಳ್ಳಿ. ಮಾತು ಹೇಗೆ ಬಂತೋ ಹಾಗೇ ಬರೆಯಿರಿ. 'ಚೀಪಿ ಚೀಪಿ ಕೆಂಪಗೆ ಮಾಡುತ್ತೆ' ಎಂದದ್ದನ್ನು ಗ್ರಾಂಥಿಕ ಮಾಡಬೇಡಿ. ಪುಟಕ್ಕೆ ಎರಡು ಸಾಲಿಗಿಂತ ಹೆಚ್ಚು ಬೇಡ, ಚಿತ್ರಕ್ಕೆ ಜಾಗ ಬೇಕು. ಚಿತ್ರವನ್ನು ನೀವು ಬರೆದುಕೊಡಬೇಡಿ, ಸೊಟ್ಟಗಿದ್ದರೆ ಇರಲಿ. ಮುಖಪುಟದಲ್ಲಿ ಮಗುವಿನ ಹೆಸರು, ವಯಸ್ಸು, ತಾರೀಕು. ಮುಗಿದ ಮೇಲೆ ಮನೆಮಂದಿಯನ್ನೆಲ್ಲ ಕೂರಿಸಿ ಮಗುವೇ ಓದಿ ಹೇಳಲಿ, ದೊಡ್ಡವರು ಹೂಂಗುಟ್ಟಲಿ. ಮುಗಿಸುವಾಗ ಹಳೆಯ ಅಜ್ಜಿಯರ ಸಾಲು ಕಲಿಸಿಕೊಡಿ: "ಅವರು ಅಲ್ಲಿ ಸುಖವಾಗಿದ್ದಾರೆ, ನಾವು ಇಲ್ಲಿ ಹೀಗಿದ್ದೇವೆ."

ಒಂದು ಪುಟ ಖಾಲಿ ಬಿಟ್ಟರೆ ಒಳ್ಳೆಯದು. ನಮ್ಮ ಪುಸ್ತಕದ ಎಂಟನೇ ಪುಟ ಇನ್ನೂ ಖಾಲಿಯಿದೆ. ಗುರ್ರಪ್ಪ ಈಗ ಮಲಗಿದ್ದಾನೆ, ಎದ್ದ ಮೇಲೆ ಬರೆಯುತ್ತೇನೆ ಎಂದು ಹುಡುಗ ಪುಸ್ತಕಕ್ಕೂ ಪೆನ್ಸಿಲ್ಲಿಗೂ ಸೇರಿಸಿ ರಬ್ಬರ್ ಬ್ಯಾಂಡ್ ಹಾಕಿ, ಬಚ್ಚಲುಮನೆಯ ಗೂಡಿನಲ್ಲಿ, ಅಜ್ಜನ ಬೆಂಕಿಪೊಟ್ಟಣದ ಪಕ್ಕ ಇಟ್ಟು ಹೋಗಿದ್ದಾನೆ.